ಹಿರಾಯಾಮಾನ ಸಂಜೆ

‘ಪರ್ಫೆಕ್ಟ್ ಡೇಸ್’ (2023) ನೋಡಿದ ಗೆಳೆಯರೆಲ್ಲ ಹೇಳಿದ್ದು ಒಂದೇ ಮಾತು: ಮನಸ್ಸಿಗೆ ಎಷ್ಟು ಸಮಾಧಾನ ಆಯ್ತು! ಮೊದಲ ಸಲ ನನಗೂ ಹಾಗೇ ಅನ್ನಿಸಿತ್ತು. ಎರಡನೇ ಸಲ ನೋಡುವಾಗ ಸ್ವಲ್ಪ ಸಿಟ್ಟು ಬಂತು.

ವಿಮ್ ವೆಂಡರ್ಸ್ ನಿರ್ದೇಶಿಸಿದ ಈ ಸಿನಿಮಾದ ಹಿರಾಯಾಮಾ ಟೋಕಿಯೋದಲ್ಲಿ ಸಾರ್ವಜನಿಕ ಶೌಚಾಲಯ ತೊಳೆಯುವವನು. ಬೆಳಗ್ಗೆ ಯಾರೋ ಬೀದಿ ಗುಡಿಸುವ ಸದ್ದಿಗೆ ಎಚ್ಚರ. ಹಾಸಿಗೆ ಮಡಚಿ, ಗಿಡಗಳಿಗೆ ನೀರು ಹಾಕಿ, ಮನೆ ಮುಂದಿನ ಮೆಷಿನ್ನಿಂದ ಡಬ್ಬಿ ಕಾಫಿ ತಗೊಂಡು ಹೊರಡ್ತಾನೆ. ವ್ಯಾನಿನಲ್ಲಿ ಹಳೇ ಕ್ಯಾಸೆಟ್ಟು. ಮಧ್ಯಾಹ್ನ ಮರಗಳ ಕೆಳಗೆ ಊಟ, ಎಲೆಗಳ ನಡುವಿನ ಬೆಳಕಿನದೊಂದು ಫೋಟೋ. ಕೆಲಸ ಮುಗಿದ ಮೇಲೆ ಸಾರ್ವಜನಿಕ ಸ್ನಾನಗೃಹ, ಮಲಗೋ ಮುಂಚೆ ಪುಸ್ತಕ. ನಾಳೆ ಮತ್ತೆ ಇದೇ. ಮಾತು ಬಹಳ ಕಡಿಮೆ, ಎಲ್ಲವನ್ನೂ ಕೋಜಿ ಯಾಕುಶೋ ಮುಖದಲ್ಲೇ ಹೇಳ್ತಾರೆ. ಕಾನ್‌ನಲ್ಲಿ ಶ್ರೇಷ್ಠ ನಟ ಪ್ರಶಸ್ತಿ ಸುಮ್ಮನೆ ಬಂದಿದ್ದಲ್ಲ.

ಸಿಟ್ಟು ಯಾಕೆ ಅಂದರೆ, ಇಲ್ಲಿನ ಶೌಚಾಲಯಗಳು ತೊಳೆಯುವ ಮುಂಚೆಯೇ ಸ್ವಚ್ಛವಾಗಿವೆ. ಶಿಬುಯಾದಲ್ಲಿ ಹೆಸರಾಂತ ವಾಸ್ತುಶಿಲ್ಪಿಗಳು ಕಟ್ಟಿದ ‘ದಿ ಟೋಕಿಯೋ ಟಾಯ್ಲೆಟ್’ ಯೋಜನೆಯ ಕಟ್ಟಡಗಳವು. ವೆಂಡರ್ಸ್‌ಗೆ ಕರೆ ಬಂದಿದ್ದೂ ಆ ಯೋಜನೆಯವರಿಂದಲೇ. ಜೊತೆಗೆ ಹಿರಾಯಾಮಾನ ತಂಗಿ ಬರೋದು ಡ್ರೈವರ್ ಇರುವ ದೊಡ್ಡ ಕಾರಿನಲ್ಲಿ. ಅಂದರೆ ಈ ಬದುಕನ್ನು ಅವನು ಆರಿಸಿಕೊಂಡಿದ್ದಾನೆ. ಈ ಕೆಲಸ ಹುಟ್ಟಿನಿಂದಲೇ ಯಾರ ಕೊರಳಿಗೆ ಬೀಳುತ್ತೆ ಅಂತ ಗೊತ್ತಿರುವ ನಾವು ಇದನ್ನು ಅಷ್ಟು ಸಲೀಸಾಗಿ ‘ಧ್ಯಾನ’ ಅಂತ ಕರೆಯಬಾರದು.

ನನ್ನ ಪ್ರಕಾರ ಸಿನಿಮಾದ ಅತ್ಯಂತ ಪ್ರಾಮಾಣಿಕ ದೃಶ್ಯ ಒಂದಿದೆ, ಅದರ ಬಗ್ಗೆ ಯಾರೂ ಮಾತಾಡಲ್ಲ. ಜೊತೆಗಾರ ತಕಾಶಿ ಇದ್ದಕ್ಕಿದ್ದಂತೆ ಕೆಲಸ ಬಿಡ್ತಾನೆ. ಅವನ ಪಾಳಿಯೂ ಹಿರಾಯಾಮಾನ ತಲೆಗೆ ಬಂದು, ಮುಗಿಸುವಷ್ಟರಲ್ಲಿ ಕತ್ತಲಾಗುತ್ತೆ. ಅಷ್ಟು ಹೊತ್ತೂ ಮೌನಿಯಾಗಿದ್ದ ಮನುಷ್ಯ ಫೋನಿನಲ್ಲಿ ರೇಗ್ತಾನೆ: ದಿನಾ ಹೀಗೆ ಮಾಡೋಕಾಗಲ್ಲ! ಅವನ ನೆಮ್ಮದಿ ನಿಂತಿದ್ದು ಎಲೆಯ ಬೆಳಕಿನ ಮೇಲಲ್ಲ, ಕೈಯಲ್ಲಿ ಉಳಿಯುತ್ತಿದ್ದ ಸಂಜೆಯ ಮೇಲೆ. ಆದರೆ ವೆಂಡರ್ಸ್ ಇಲ್ಲಿ ನಿಲ್ಲಲ್ಲ. ಬದಲಿ ಕೆಲಸದವಳನ್ನು ಕಳಿಸಿ ಬೇಗ ಎಲ್ಲ ಸರಿಮಾಡಿಬಿಡ್ತಾರೆ.

ನಾನೂ ಒಬ್ಬನೇ ಇರೋದು. ನನ್ನ ದಿನಗಳೂ ಒಂದರ ಪಡಿಯಚ್ಚು ಇನ್ನೊಂದು: ಲ್ಯಾಪ್‌ಟಾಪು, ಮೀಟಿಂಗು, ಬಿಸಿ ಮಾಡಿದ ನಿನ್ನೆಯ ಸಾರು. ಸಂಜೆ ಮಾತ್ರ ಯಾವುದೋ ಬೇರೆ ಟೈಮ್‌ಝೋನಿನವರ ಪಾಲು. ಅದಕ್ಕೇ ಇರಬೇಕು, ‘ಒಂಟಿತನವನ್ನು ಪ್ರೀತಿಸಿ’ ಅನ್ನೋ ಉಪದೇಶವಾಗಿ ಈ ಸಿನಿಮಾವನ್ನು ಒಪ್ಪೋಕೆ ಆಗ್ತಿಲ್ಲ.

ಹಾಗಂತ ಮೂರನೇ ಸಲ ನೋಡಲ್ಲ ಅಂತಲ್ಲ. ಒಂದು ಶೌಚಾಲಯದ ಸಂದಿಯಲ್ಲಿ ಅವನಿಗೆ ಚೀಟಿ ಸಿಗುತ್ತೆ, ಯಾರೋ ಶುರುಮಾಡಿಟ್ಟ ಟಿಕ್-ಟ್ಯಾಕ್-ಟೋ ಆಟ. ಅವನೂ ಒಂದು ಗುರುತು ಹಾಕಿ ಅಲ್ಲೇ ಇಡ್ತಾನೆ. ಆಮೇಲೆ ಬಂದಾಗ ಉತ್ತರ ಇರುತ್ತೆ. ಹೀಗೇ ಆಟ ಮುಗಿದು, ಕೊನೆಗೊಂದು ಥ್ಯಾಂಕ್ಸ್. ಎದುರಾಳಿ ಯಾರು ಅಂತ ಅವನಿಗೂ ಗೊತ್ತಾಗಲ್ಲ, ನಮಗೂ.