ಕೊಕ್ಕಿನ ವೈದ್ಯನನ್ನು ಓದುವ ಬಗೆ

ನನ್ನ ಸಂಶೋಧನಾ ಪ್ರಬಂಧದಲ್ಲಿ ಪ್ಲೇಗ್ ವೈದ್ಯನ ಉಡುಪಿಗೆ ದಾಖಲೆಯೆಂದು ಒಂದು ಚಿತ್ರವನ್ನು ಬಳಸಿದ್ದೆ. ನ್ಯೂರೆಂಬರ್ಗ್‌ನ ಪೌಲ್ ಫ್ಯೂರ್ಸ್ಟ್ 1656ರಲ್ಲಿ ಪ್ರಕಟಿಸಿದ, ರೋಮ್‌ನ ‘ಡಾಕ್ಟರ್ ಕೊಕ್ಕು’ ಎಂಬ ಮುದ್ರಿತ ಚಿತ್ರವದು. ಉದ್ದನೆಯ ನಿಲುವಂಗಿ, ಕೈಗವಸು, ಕೊಕ್ಕಿನ ಮುಖವಾಡ. ಕೆಟ್ಟ ಗಾಳಿಯಿಂದ ರೋಗ ಬರುತ್ತದೆಂದು ನಂಬಿದ್ದ ಕಾಲ. ಕೊಕ್ಕಿನೊಳಗೆ ಸುಗಂಧದ್ರವ್ಯ ತುಂಬುತ್ತಿದ್ದರಂತೆ.

ಆಮೇಲೆ ಚಿತ್ರದ ಜೊತೆಗಿರುವ ಲ್ಯಾಟಿನ್-ಜರ್ಮನ್ ಬೆರಕೆಯ ಪದ್ಯದ ಅರ್ಥ ತಿಳಿದು ಪೆಚ್ಚಾದೆ. ಹೆಣ ಹುಡುಕುವ ವೈದ್ಯನನ್ನು ಅದು ಕಾಗೆಗೆ ಹೋಲಿಸಿ, ಅವನ ದುಡ್ಡಿನಾಸೆಯನ್ನು ಗೇಲಿ ಮಾಡುತ್ತದೆ. ಮತ್ತೆ ನೋಡಿದರೆ ಬೆರಳುಗಳು ಹಕ್ಕಿಯ ಉಗುರುಗಳಂತಿವೆ. ಕೋಲಿನ ತುದಿಯಲ್ಲಿ ರೆಕ್ಕೆಯುಳ್ಳ ಮರಳುಗಡಿಯಾರ.

ವ್ಯಂಗ್ಯವೂ ದಾಖಲೆಯೇ. ವೈದ್ಯರು ಏನು ತೊಟ್ಟಿದ್ದರೆಂಬುದಕ್ಕಿಂತ ಜನ ಅವರನ್ನು ಹೇಗೆ ಕಂಡರೆಂಬುದು ಇದರಿಂದ ಹೆಚ್ಚು ತಿಳಿಯುತ್ತದೆ. ಆ ಅಧ್ಯಾಯವನ್ನು ಈಗ ಪದ್ಯದಿಂದಲೇ ಶುರುಮಾಡಿ ಬರೆಯುತ್ತಿದ್ದೇನೆ.