ಮೂಗೂರು: ಹೆಸರೊಂದು, ವಲಸೆ ಎರಡು

ತಿ. ನರಸೀಪುರ ತಾಲ್ಲೂಕಿನ ಮೂಗೂರು ತಿಬ್ಬಾದೇವಿಯ ಊರು. ಇದರ ಹೆಸರನ್ನು ದಕ್ಷಿಣದ ಚಿತ್ರರಂಗಕ್ಕೆಲ್ಲ ಒಯ್ದವರು ನೃತ್ಯ ನಿರ್ದೇಶಕ ಮೂಗೂರು ಸುಂದರ್. ಅವರು ಮದ್ರಾಸಿನಲ್ಲಿ ನೆಲೆ ನಿಂತರು. ಮಕ್ಕಳಾದ ರಾಜು ಸುಂದರಂ, ಪ್ರಭುದೇವ, ನಾಗೇಂದ್ರ ಪ್ರಸಾದ್ ಮೂವರೂ ಅದೇ ಕಸುಬಿನಲ್ಲಿ ಬೆಳೆದರು. ದೇವಾಲಯ ನೃತ್ಯದ ಕೊನೆಯ ಕೊಂಡಿಗಳಲ್ಲಿ ಒಬ್ಬರಾದ ಜೇಜಮ್ಮನವರದೂ ಇದೇ ಊರು. ಸುಂದರ್, ಜೇಜಮ್ಮ ಇಬ್ಬರನ್ನೂ ಒಂದೇ ದಾರಕ್ಕೆ ಪೋಣಿಸಿ 'ಮೂಗೂರಿನ ಮಣ್ಣಲ್ಲೇ ನಾಟ್ಯವಿದೆ' ಎಂದುಬಿಡುವುದು ಸುಲಭ. ನನಗೆ ಅದು ಒಪ್ಪಿಗೆಯಿಲ್ಲ.

ಮೈಸೂರು ಶೈಲಿಯ ನೃತ್ಯಕ್ಕೆ ಅಭಿನಯವೇ ಪ್ರಾಣ. ನರ್ತಕಿ ಕೂತಲ್ಲೇ ಜಾವಳಿ ಎಂಬ ಶೃಂಗಾರಗೀತೆಯ ಒಂದು ಸಾಲನ್ನು ಹಿಡಿದು, ಕಣ್ಣು, ಹುಬ್ಬು, ಬೆರಳ ತುದಿಗಳಲ್ಲೇ ಅದನ್ನು ಹತ್ತು ಬಗೆಯಾಗಿ ಬಿಡಿಸುತ್ತಾಳೆ. ಒಮ್ಮೆ ಮುನಿಸು, ಒಮ್ಮೆ ಕೊಂಕು, ಒಮ್ಮೆ ಸುಮ್ಮನೆ ದಣಿವು. ಅರಮನೆಯಲ್ಲಿ ಜಟ್ಟಿ ತಾಯಮ್ಮ, ಅವರ ಶಿಷ್ಯೆ ವೆಂಕಟಲಕ್ಷಮ್ಮ, ಮೂಗೂರಿನಲ್ಲಿ ಜೇಜಮ್ಮ ಉಳಿಸಿಕೊಂಡದ್ದು ಇದನ್ನೇ. ಇದೂ ಅಪ್ಪಟ ಮಣ್ಣಿನ ಬೆಳೆಯೇನಲ್ಲ: ನಾಟ್ಯಗುರುಗಳಾದ ತಂಜಾವೂರು ಸಹೋದರರಲ್ಲಿ ಚಿನ್ನಯ್ಯನವರು ಮುಮ್ಮಡಿ ಕೃಷ್ಣರಾಜ ಒಡೆಯರ ಆಸ್ಥಾನಕ್ಕೆ ಬಂದಿದ್ದರು. ಕಲೆ ಆ ಕಡೆಯಿಂದ ಈ ಕಡೆಗೂ ಹರಿದಿದೆ.

ದೇವಾಲಯಗಳಲ್ಲಿ ಕುಣಿಯುತ್ತಿದ್ದ ಹೆಂಗಸರಿಗೆ ಪೆಟ್ಟು ಬಿದ್ದದ್ದು ಕಾನೂನಿನಿಂದ. 1909ರಲ್ಲಿ ಮೈಸೂರು ಸರ್ಕಾರ ಮುಜರಾಯಿ ದೇವಾಲಯಗಳಲ್ಲಿ ದೇವದಾಸಿಯರ ಸೇವೆಯನ್ನು ನಿಲ್ಲಿಸಿತು. ನಂಜನಗೂಡಿನ ಶ್ರೀಕಂಠೇಶ್ವರ ದೇವಾಲಯದ ದೇವದಾಸಿಯರು ಇದರ ವಿರುದ್ಧ ಸರ್ಕಾರಕ್ಕೆ ಅರ್ಜಿ ಹಾಕಿಕೊಂಡಿದ್ದರು. ಫಲ ಸಿಗಲಿಲ್ಲ. ಆ ಪದ್ಧತಿಯಲ್ಲಿ ಶೋಷಣೆ ಇತ್ತು, ಅದನ್ನು ಮುಚ್ಚಿಡಬೇಕಿಲ್ಲ. ಆದರೆ ಸುಧಾರಣೆ ಅವರ ಕಸುಬನ್ನು ಕಿತ್ತುಕೊಂಡು ಕೈಗೆ ಬೇರೇನನ್ನೂ ಕೊಡಲಿಲ್ಲ. ಮುಂದೆ ಅದೇ ನೃತ್ಯ ನಗರದ ಮರ್ಯಾದಸ್ಥರ ವೇದಿಕೆಯೇರಿದಾಗ ಅವರು ಮನೆಯಲ್ಲಿದ್ದರು. ಊರು ಬಿಡದೆಯೇ ಗಡೀಪಾರಾದವರು ಅವರು.

ಸುಂದರ್ ಅವರ ವಲಸೆಗೂ ಇದಕ್ಕೂ ಸಂಬಂಧವಿಲ್ಲ. ಕನ್ನಡ ಚಿತ್ರಗಳೇ ಮದ್ರಾಸಿನ ಸ್ಟುಡಿಯೋಗಳಲ್ಲಿ ತಯಾರಾಗುತ್ತಿದ್ದ ಕಾಲ ಅದು. ಕೆಲಸ ಇದ್ದ ಕಡೆ ಜನ ಹೋದರು. ಪ್ರಭುದೇವ ಭರತನಾಟ್ಯ ಕಲಿತದ್ದು ಚೆನ್ನೈನಲ್ಲಿ, ಧರ್ಮರಾಜ್ ಮತ್ತು ಉಡುಪಿ ಲಕ್ಷ್ಮೀನಾರಾಯಣನ್ ಅವರ ಬಳಿ. 1994ರ 'ಕಾದಲನ್' ಚಿತ್ರದ ಮುಕ್ಕಾಲಾ ಹಾಡನ್ನು ನೆನಪಿಸಿಕೊಳ್ಳಿ. ಕೊನೆಗೆ ನರ್ತಕನ ಮುಖ, ಕೈಕಾಲುಗಳೇ ಮಾಯವಾಗಿ ಬರೀ ತೊಟ್ಟ ಉಡುಪುಗಳು ಕುಣಿಯುತ್ತವೆ. ಮುಖವೇ ಸರ್ವಸ್ವವಾದ ಜೇಜಮ್ಮನವರ ಕಲೆಗೆ ಇದಕ್ಕಿಂತ ದೂರದ ತುದಿ ಇನ್ನೊಂದಿಲ್ಲ. ಅದ್ಭುತ ಪ್ರತಿಭೆ, ಅನುಮಾನವಿಲ್ಲ. ಆದರೆ ಮೂಗೂರಿನ ಅಭಿನಯವಲ್ಲ.

ಊರು ಬಿಟ್ಟವರ ಸಿನಿಮಾದಲ್ಲಿ ಆ ವಲಸೆ ಕಾಣಿಸಿಕೊಳ್ಳುವುದೂ ಉಂಟು. ಹಂಗೇರಿಯ ಚಿತ್ರ ನಿರ್ದೇಶಕ ಮಿಹಾಯ್ ಕೆರ್ಟೀಸ್ 1919ರಲ್ಲಿ ದೇಶ ಬಿಟ್ಟು, ವಿಯೆನ್ನಾ ದಾಟಿ, 1926ರಲ್ಲಿ ಹಾಲಿವುಡ್ ಸೇರಿ ಮೈಕಲ್ ಕರ್ಟಿಜ್ ಆದವನು. ಅವನ 'ಕಾಸಾಬ್ಲಾಂಕಾ' (1942) ಚಿತ್ರದ ತುಂಬ ರಹದಾರಿಗಾಗಿ ಕಾಯುವ ನಿರಾಶ್ರಿತರೇ. ಊರು ಬಿಟ್ಟ ನೋವು ಕೃತಿಯೊಳಗೆ ಬಂತು. ಸುಂದರ್ ಮನೆತನದ ಸಿನಿಮಾಗಳಲ್ಲಿ ಅಂಥದ್ದನ್ನು ಹುಡುಕಿದರೆ ಕೈಗೆ ಸಿಗುವುದು ತೀರಾ ಕಡಿಮೆ. 2002ರಲ್ಲಿ ಸುಂದರ್ ಮಗ ನಾಗೇಂದ್ರನಿಗಾಗಿ ಕನ್ನಡದಲ್ಲಿ 'ಮನಸೆಲ್ಲಾ ನೀನೇ' ನಿರ್ದೇಶಿಸಿದರು. ಅದು ತೆಲುಗಿನ ರೀಮೇಕ್. ಅದೇ ವರ್ಷದ 'ಎಚ್‌ಟುಒ' ಚಿತ್ರ ಮಾತ್ರ, ಬಯಸದೆಯೇ, ಈ ವಲಸೆಯ ವಿಷಯವನ್ನು ಮುಟ್ಟಿತು. ಕಾವೇರಿ ಎಂಬ ಹುಡುಗಿಗಾಗಿ ಕನ್ನಡಿಗನೊಬ್ಬ (ನಟ ಉಪೇಂದ್ರ) ಮತ್ತು ತಮಿಳನೊಬ್ಬನ ಪೈಪೋಟಿಯ ಕಥೆ ಅದು. ಆ ತಮಿಳನ ಪಾತ್ರ ಮಾಡಿದವರು ಪ್ರಭುದೇವ! ಕಪಿಲೆ ಕಾವೇರಿಯನ್ನು ಕೂಡುವ ತಾಲ್ಲೂಕಿನ ಮನೆತನದವರನ್ನು ನಮ್ಮ ಚಿತ್ರವೇ ಆಚೆ ದಡಕ್ಕೆ ನಿಲ್ಲಿಸಿತು. ಇದರ ವ್ಯಂಗ್ಯ ಆ ಚಿತ್ರಕ್ಕೂ ಹೊಳೆದಂತಿಲ್ಲ.

ಪ್ರಭುದೇವರಿಗೆ 2019ರಲ್ಲಿ ಪದ್ಮಶ್ರೀ ಬಂದಿದೆ, ನೃತ್ಯ ನಿರ್ದೇಶನಕ್ಕೆ ಎರಡು ರಾಷ್ಟ್ರಪ್ರಶಸ್ತಿಗಳಿವೆ. ಅವರ ಕೀರ್ತಿಗೆ ಊರಿನ ಪರಂಪರೆಯ ಊರುಗೋಲು ಬೇಕಿಲ್ಲ. ಪರಂಪರೆ ಎಂಬ ಮಾತಿಗೆ ನಿಜವಾದ ಹಕ್ಕಿರುವುದು ಜೇಜಮ್ಮನವರಿಗೆ ಮತ್ತು ಹೆಸರು ಉಳಿಯದ ಅವರ ಓರಗೆಯವರಿಗೆ. ಮೂಗೂರಿನ ನೃತ್ಯದ ಬಗ್ಗೆ ಇನ್ನು ಮುಂದೆ ಬರೆಯುವವರು ದಯವಿಟ್ಟು ಸಿನಿಮಾದಿಂದ ಶುರು ಮಾಡಬೇಡಿ. ನಂಜನಗೂಡಿನ ಆ ಅರ್ಜಿಯಿಂದ ಶುರು ಮಾಡಿ.