ಹುಬಾಶಿಕನಿಗೆ ದೀಪ ಹಚ್ಚಿದವರು ಯಾರು?

ಕುಮಟೆಯಿಂದ ಹೊನ್ನಾವರಕ್ಕೆ ಹೋಗುವ ಬಸ್ಸಿನಲ್ಲಿ ಕಾಲೇಜು ಓದುವ ಮುಕ್ರಿ ಹುಡುಗನೊಬ್ಬ ನನ್ನನ್ನು ಕೇಳಿದ: 'ಸರ್, ನಮ್ಮಂಥವರಲ್ಲೂ ಒಬ್ಬ ರಾಜ ಇದ್ದಿದ್ನಂತೆ, ಹುಬಾಶಿಕ ಹೇಳಿ. ಮಯೂರವರ್ಮನ್ನೇ ಓಡ್ಸಿದ್ನಂತೆ. ಹೌದಾ?' ಹೌದು ಅನ್ನಲು ನನ್ನ ಹತ್ತಿರ ಪುರಾವೆ ಇರಲಿಲ್ಲ. ಅಲ್ಲ ಅನ್ನಲು ಮನಸ್ಸು ಬರಲಿಲ್ಲ. ಅವನು ಇಳಿದು ಹೋದ. ಆವತ್ತು ಕೊಡಲಾಗದ ಉತ್ತರವನ್ನು ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ನಮ್ಮ ಕರಾವಳಿಯಲ್ಲಿ ಎಲ್ಲರ ಬಾಯಲ್ಲಿರುವ ಕತೆ ನೋಡೋಣ. ಕದಂಬರ ಮಯೂರವರ್ಮ ಉತ್ತರದ ಅಹಿಚ್ಛತ್ರದಿಂದ ಬ್ರಾಹ್ಮಣರನ್ನು ಕರೆಸಿದ, ಘಟ್ಟದ ಕೆಳಗಿನ ನಾಡನ್ನು ಅರವತ್ತನಾಲ್ಕು ಭಾಗ ಮಾಡಿ ಅವರಿಗೆ ಹಂಚಿದ. ಅವನ ಮಗನ ಕಾಲಕ್ಕೆ ಬಂದವರು ಊರು ಬಿಟ್ಟು ಓಡಲು ನೋಡಿದರು. ಅವರನ್ನು ಹಿಡಿದು ತಂದು, ಮತ್ತೆ ಓಡಿದರೆ ಗುರುತು ಸಿಗಲೆಂದು ಹಣೆಯ ಮೇಲೆ ಜುಟ್ಟು ಬಿಡಿಸಿದರು. ಆಗ ಹುಬಾಶಿಕ ಅಥವಾ ಹುಬ್ಬಸಿಗ ಎಂಬ 'ಚಂಡಾಲ' ರಾಜ ತನ್ನ ಮಗನಿಗೆ ಕದಂಬರ ಮನೆಯ ಹೆಣ್ಣು ಕೇಳಿದ. ಕೊಡುತ್ತೇವೆಂದು ನಂಬಿಸಿ, ತ್ರಿಪುರಕ್ಕೆ ಕರೆಸಿ, ಅಪ್ಪ ಮಗ ಇಬ್ಬರನ್ನೂ ಕೊಂದರು. ಆಮೇಲೆ ಕದಂಬರ ಆಳ್ವಿಕೆ ಘಟ್ಟದ ಮೇಲೂ ಹಬ್ಬಿತು, ಬ್ರಾಹ್ಮಣರೂ ಹಿಂದೆಯೇ ಹೋದರು. ಬಿ.ಎಲ್. ರೈಸ್ ತನ್ನ ಮೈಸೂರು ಗ್ಯಾಸೆಟಿಯರಿನಲ್ಲಿ ಕೊಟ್ಟ ಕತೆಯ ಸಾರ ಇದು.

ಇದೇ ನಾಡಿಗೆ ಇನ್ನೊಂದು ಹುಟ್ಟಿನ ಕತೆ ಇದೆ. ಪರಶುರಾಮ ಕೊಡಲಿ ಬೀಸಿ ಸಮುದ್ರವನ್ನು ಹಿಂದೆ ಸರಿಸಿದ. ಸಿಕ್ಕ ನೆಲದಲ್ಲಿ ಬ್ರಾಹ್ಮಣರಿಲ್ಲದ್ದನ್ನು ಕಂಡು, ಮೀನುಗಾರರ ಬಲೆ ಹರಿದು ಆ ದಾರವನ್ನೇ ಜನಿವಾರ ಮಾಡಿ ಹಾಕಿದ. ಕುಮಟಾ ತಾಲೂಕಿನ ಗೋಕರ್ಣ ಈ ಕತೆಯ ಕೇಂದ್ರ. ಒಂದು ಕತೆ ಉತ್ತರದಿಂದ ತಂದ ಅನ್ನುತ್ತದೆ, ಇನ್ನೊಂದು ಇಲ್ಲೇ ಬಲೆಯ ದಾರದಿಂದ ಮಾಡಿದ ಅನ್ನುತ್ತದೆ. ಎರಡೂ ನಿಜವಾಗಲು ಸಾಧ್ಯವಿಲ್ಲ. ಆದರೆ ಎರಡರ ಕೆಲಸ ಒಂದೇ: ಈ ನೆಲ ಯಾರಿಗೆ ಸೇರಿದ್ದು ಎಂಬ ಪ್ರಶ್ನೆಗೆ ದೇವರಿಂದಲೋ ರಾಜನಿಂದಲೋ ಸಹಿ ಹಾಕಿಸುವುದು.

ಇನ್ನು ಕಲ್ಲು ಏನು ಹೇಳುತ್ತದೆ? ಶಿವಮೊಗ್ಗ ಜಿಲ್ಲೆ ಶಿಕಾರಿಪುರ ತಾಲೂಕಿನ ತಾಳಗುಂದದಲ್ಲಿ ಒಂದು ಕಂಬವಿದೆ. ಕದಂಬ ಶಾಂತಿವರ್ಮನ ಕಾಲದಲ್ಲಿ, ಅಂದರೆ 5ನೇ ಶತಮಾನದಲ್ಲಿ, ಕುಬ್ಜನೆಂಬ ಕವಿ ಬರೆದ ಸಂಸ್ಕೃತ ಪದ್ಯಗಳು ಅದರ ಮೇಲಿವೆ. ಅದರ ಪ್ರಕಾರ ಅವನು ವರ್ಮನಲ್ಲ, ಶರ್ಮ. ಗುರು ವೀರಶರ್ಮನ ಜೊತೆ ಓದಲು ಕಾಂಚಿಗೆ ಹೋದ, ಅಲ್ಲಿ ಪಲ್ಲವರ ಕುದುರೆ ಸವಾರನೊಡನೆ ಜಗಳವಾಯಿತು, ದರ್ಭೆ ಹಿಡಿದ ಕೈಯಲ್ಲಿ ಕತ್ತಿ ಹಿಡಿದ. 4ನೇ ಶತಮಾನದ ನಡುವಿನ ಮಾತು. ಅಹಿಚ್ಛತ್ರ ಅದರಲ್ಲಿಲ್ಲ. ಅರವತ್ತನಾಲ್ಕು ಭಾಗ ಇಲ್ಲ. ಹುಬಾಶಿಕನಂತೂ ಇಲ್ಲವೇ ಇಲ್ಲ. ಅಹಿಚ್ಛತ್ರದಿಂದ ಬ್ರಾಹ್ಮಣರು ಬಂದ ಮಾತು ಕಾಣುವುದು ಆರೇಳುನೂರು ವರ್ಷ ಕಳೆದ ಮೇಲಿನ ಶಾಸನಗಳಲ್ಲಿ. ಅಲ್ಲೂ ತಂದವನು ಮಯೂರನಲ್ಲ, ಮುಕ್ಕಣ್ಣ ಕದಂಬ. ಕರ್ತೃವೇ ಬದಲಾಗುವ ಇಂಥ ಕತೆಯನ್ನು ಪಾಠದಲ್ಲಿ ಇತಿಹಾಸ ಎಂದು ಹೇಳಿಕೊಡುವ ಮೊದಲು ಮೇಷ್ಟ್ರು ಒಂದು ಸಲ ಯೋಚಿಸಬೇಕು.

ಇಂಥ ಪ್ರಶ್ನೆ ನಮಗೊಬ್ಬರಿಗೇ ಬಂದದ್ದಲ್ಲ. ನಮ್ಮನ್ನಾಳಿದ ಇಂಗ್ಲಿಷರಿಗೂ ಒಬ್ಬ ಆರ್ಥರ್ ರಾಜನಿದ್ದಾನೆ. 6ನೇ ಶತಮಾನದಲ್ಲಿ ಬ್ರಿಟನ್ನಿನ ಪಾಡು ಬರೆದ ಗಿಲ್ಡಾಸ್ ಎಂಬ ಸನ್ಯಾಸಿ ಬ್ಯಾಡನ್ ಗುಡ್ಡದ ಯುದ್ಧದ ಮಾತಾಡುತ್ತಾನೆ, ಆರ್ಥರನ ಹೆಸರೆತ್ತುವುದಿಲ್ಲ. ಸುಮಾರು 830ರ ಹೊತ್ತಿನ ಒಂದು ಪುಸ್ತಕದಲ್ಲಿ ಆರ್ಥರ್ ಹನ್ನೆರಡು ಯುದ್ಧ ಗೆಲ್ಲುತ್ತಾನೆ, ಒಂದರಲ್ಲಿ ಒಬ್ಬನೇ 960 ಜನರನ್ನು ಕೆಡವುತ್ತಾನೆ. ಸುಮಾರು 1136ರ ಹೊತ್ತಿಗೆ ಮಾನ್‌ಮತ್‌ನ ಜೆಫ್ರಿಯ ಕೈಯಲ್ಲಿ ಅವನು ಚಕ್ರವರ್ತಿಯಾದ. 1184ರಲ್ಲಿ ಗ್ಲಾಸ್ಟನ್‌ಬರಿಯ ಮಠ ಸುಟ್ಟು ಹೋಗಿ ಹಣ ಬೇಕಾದಾಗ, 1191ರಲ್ಲಿ ಅಲ್ಲಿನ ಸನ್ಯಾಸಿಗಳಿಗೆ ಆರ್ಥರನ ಗೋರಿಯೇ 'ಸಿಕ್ಕಿತು'! ಮಠಗಳ ಬುದ್ಧಿ ಎಲ್ಲ ದೇಶದಲ್ಲೂ ಒಂದೇ ಅಲ್ದಾ?

ಆದರೆ ಒಂದು ವ್ಯತ್ಯಾಸವಿದೆ. ಆರ್ಥರ್ ಸೋತವರ ಕಡೆಯವನು. ಹೊರಗಿಂದ ಬಂದ ಸ್ಯಾಕ್ಸನರ ವಿರುದ್ಧ ನಿಂತ ಬ್ರಿಟನ್ನರ ನಾಯಕ ಅನ್ನುತ್ತದೆ ಕತೆ. ಕಡೆಗೆ ನಾಡು ಸ್ಯಾಕ್ಸನರದ್ದಾಯಿತು. ಆದರೂ ಆ ಜನರ ವಂಶದವರೇ ಅವನನ್ನು ತಮ್ಮ ರಾಜ ಎಂದು ಎತ್ತಿಕೊಂಡರು. 1486ರಲ್ಲಿ ಏಳನೇ ಹೆನ್ರಿ ತನ್ನ ಚೊಚ್ಚಲ ಮಗನಿಗೆ ಆರ್ಥರ್ ಎಂದೇ ಹೆಸರಿಟ್ಟ. ಹುಬಾಶಿಕನೂ ಸೋತವನೇ. ಅವನ ಹೆಸರನ್ನು ಯಾವ ಅರಮನೆ ತನ್ನ ಮಗನಿಗೆ ಇಟ್ಟಿತು? ಅಲ್ಲಿ ಸೋತವನು ರಾಷ್ಟ್ರನಾಯಕನಾದರೆ ಇಲ್ಲಿ ಸೋತವನು ಚಂಡಾಲನಾಗಿಯೇ ಉಳಿದ. ಜಾತಿ ಎಂಬುದು ಸತ್ತ ರಾಜನನ್ನೂ ಬಿಡುವುದಿಲ್ಲ.

ಹಾಗಾದರೆ ಹುಬಾಶಿಕ ಯಾರು? 1801ರಲ್ಲಿ ಈ ಕರಾವಳಿಯಲ್ಲಿ ಓಡಾಡಿದ ಫ್ರಾನ್ಸಿಸ್ ಬುಕಾನನ್ ಅವನನ್ನು ಕೊರಗರ ರಾಜ ಎಂದು ಕೇಳಿ ಬರೆದುಕೊಂಡ. ಭಟ್ಕಳದಿಂದ ದಕ್ಷಿಣಕ್ಕೆ ಹೋದರೆ ಸಿಗುವ ಬಾರಕೂರಿನ ಕಡೆ, ಅವನು ಘಟ್ಟದ ಮೇಲಿಂದ ದಂಡು ತಂದು ಹನ್ನೆರಡು ವರ್ಷ ಆಳಿದ ಎಂಬ ಕತೆ ಇದೆ. ಅವನ ನಂತರ ಕೊರಗರನ್ನು ಕಾಡಿಗೆ ಅಟ್ಟಿದರಂತೆ, ಸೊಪ್ಪು ಉಡುವ ಪಾಡು ಆಗ ಬಂತಂತೆ. ಒಂದರಲ್ಲಿ ಅವನು ನೆಲದ ಒಡೆಯ, ಇನ್ನೊಂದರಲ್ಲಿ ದಂಡೆತ್ತಿ ಬಂದವನು. ಇಂಥವನಿಗೆ ನಾವು ಹುಟ್ಟಿದ ಇಸವಿ ಬರೆದು, ಕಿರೀಟದ ಚಿತ್ರ ಬಿಡಿಸಿ, ಜಯಂತಿ ಮಾಡಿದರೆ ಗ್ಲಾಸ್ಟನ್‌ಬರಿಯ ಸನ್ಯಾಸಿಗಳಿಗಿಂತ ನಾವೇನು ಹೆಚ್ಚು? ಪುರೋಹಿತಶಾಹಿ ಸುಳ್ಳು ವಂಶಾವಳಿ ಕಟ್ಟಿತು ಅಂತ ನಾವೂ ಒಂದು ಕಟ್ಟಬಾರದು. ಗೇರುಸೊಪ್ಪೆಯ ಚೆನ್ನಭೈರಾದೇವಿಯ ಮಾತು ಬೇರೆ. ಅವಳಿಗೆ ಶಾಸನವಿದೆ, ಪೋರ್ಚುಗೀಸರ ದಾಖಲೆಯಿದೆ. ಹುಬಾಶಿಕನಿಗೆ ಇರುವುದು ವೈರಿಗಳು ಹೇಳಿದ ಕತೆ ಮಾತ್ರ.

ಆದರೆ ಗೆಳೆಯರೆ, ವೈರಿಯ ಕತೆಯನ್ನೇ ಸಾಕ್ಷಿಯ ಹೇಳಿಕೆಯಂತೆ ಓದಿ ನೋಡಿ. ತನಗೆ ಗೊತ್ತಿಲ್ಲದಂತೆ ಅದು ಏನೇನು ಒಪ್ಪಿಕೊಳ್ಳುತ್ತದೆ! ದಾನ ಕೊಟ್ಟ ನೆಲ ಖಾಲಿ ಇರಲಿಲ್ಲ ಎಂದು ಒಪ್ಪಿಕೊಳ್ಳುತ್ತದೆ. ಅಲ್ಲಿ ಜನ ಇದ್ದರು, ಅವರಿಗೊಬ್ಬ ರಾಜನಿದ್ದ ಅಂತ ಹೇಳುವುದಕ್ಕೆ ಕತೆ ಕಟ್ಟಿದವರಿಗೇ ಅಡ್ಡಿಯಾಗಲಿಲ್ಲ. ಅವನನ್ನು ರಣದಲ್ಲಿ ಗೆದ್ದೆವು ಎಂಬ ಜಂಬವೂ ಇಲ್ಲ; ಮದುವೆಗೆಂದು ಕರೆದು ಕೊಂದೆವು ಎನ್ನುತ್ತದೆ. ಅವನು ಮಾಡಿದ ತಪ್ಪು ಹೆಣ್ಣು ಕೇಳಿದ್ದು. ಕಲ್ಯಾಣದಲ್ಲಿ ಹರಳಯ್ಯ ಮಧುವರಸರ ಮಕ್ಕಳ ಮದುವೆಗೆ ಅಪ್ಪಂದಿರನ್ನು ಆನೆಯ ಕಾಲಿಗೆ ಕಟ್ಟಿ ಎಳೆಸಿದರೆಂದು ಪರಂಪರೆ ಹೇಳುತ್ತದೆ. ಇವತ್ತೂ ಜಾತಿ ಮೀರಿ ಮದುವೆಯಾದವರ ಹೆಣ ಬೀಳುವ ಸುದ್ದಿ ಪತ್ರಿಕೆಯಲ್ಲಿ ಬರುತ್ತಲೇ ಇದೆ. ಹುಬಾಶಿಕ ಇದ್ದನೋ ಇಲ್ಲವೋ, ಅವನನ್ನು ಕೊಂದ ಕಾರಣ ಮಾತ್ರ ಇನ್ನೂ ಸತ್ತಿಲ್ಲ.

ಕತೆ ಬರೀ ಕತೆಯಾಗಿ ಉಳಿದಿದ್ದರೆ ನನಗೂ ತಕರಾರಿರಲಿಲ್ಲ. ಸೋತವರು ಸೊಪ್ಪು ಉಡಬೇಕಾಯಿತು ಎಂಬ ಕತೆ, ಅವರ ಇವತ್ತಿನ ಪಾಡಿಗೆ ಕಾರಣ ಸಿಕ್ಕಿತು ಎಂದು ಕೇಳಿದವರಿಗೆ ಸಮಾಧಾನ ಕೊಡುತ್ತದೆ. ಕೊರಗರನ್ನು ಎಂಜಲಿಗೂ ಅವಮಾನಕ್ಕೂ ಗುರಿ ಮಾಡಿದ ಅಜಲು ಪದ್ಧತಿಯನ್ನು ನಿಲ್ಲಿಸಲು 2000ದಲ್ಲಿ ಕಾಯ್ದೆಯನ್ನೇ ಮಾಡಬೇಕಾಯಿತು. ಅಘನಾಶಿನಿಯ ದಂಡೆಯಲ್ಲಿ ಉಪ್ಪುನೀರಿಗೆ ಕಟ್ಟೆ ಕಟ್ಟಿ, ಗಜನಿಯಲ್ಲಿ ಕಗ್ಗ ಭತ್ತ ಬೆಳೆದ ಕೈಗಳ ಹೆಸರು ಯಾವ ಪುರಾಣದಲ್ಲಿದೆ? ಸಮುದ್ರವನ್ನು ನಿಜವಾಗಿ ಹಿಂದೆ ಸರಿಸಿದವರು ಅವರು. ಕೀರ್ತಿ ಪರಶುರಾಮನ ಕೊಡಲಿಗೆ ಹೋಯಿತು.

ಸೋತ ರಾಜನನ್ನು ನೆನೆಯುವುದು ನಮ್ಮ ಜನಕ್ಕೆ ಗೊತ್ತಿಲ್ಲದ್ದಲ್ಲ. ಆರ್ಥರ್ ಒಂದು ದಿನ ಮರಳಿ ಬರುತ್ತಾನೆ ಎಂದು ಅಲ್ಲಿನವರು ನಂಬಿದ್ದರು. ನಮ್ಮ ಬಲೀಂದ್ರ ವರ್ಷ ವರ್ಷವೂ ದೀಪಾವಳಿಗೆ ಬರುತ್ತಾನೆ. ಅವನನ್ನು ತುಳಿದವನಿಗೆ ದೇವಸ್ಥಾನ ಕಟ್ಟಿದರೂ ಜನ ಅವನನ್ನು ಮರೆಯಲಿಲ್ಲ. ಜೋತಿಬಾ ಫುಲೆ 1873ರ 'ಗುಲಾಮಗಿರಿ'ಯಲ್ಲಿ ಬಲಿಯನ್ನು ದುಡಿಯುವವರ ರಾಜನೆಂದು ಎತ್ತಿ ನಿಲ್ಲಿಸಿದ್ದು ಈ ನೆನಪಿನ ಬಲದಿಂದಲೇ. ಹುಬಾಶಿಕನಿಗೆ ದೀಪ ಹಚ್ಚುವ ಮನೆ ನಾನು ಕಂಡಿಲ್ಲ.

ಅದಕ್ಕೇ ಆ ಹುಡುಗನಿಗೆ ನನ್ನ ಉತ್ತರ ಇದು: ತಮ್ಮಾ, ಅವನು ಇದ್ದ ಅಂತ ನಾನು ಹೇಳಲಾರೆ. ಆದರೆ ನಿನ್ನ ಹಿರಿಯರು ಇದ್ದರು. ಅದಕ್ಕೆ ರಾಜನ ಸಾಕ್ಷಿ ಬೇಕಿಲ್ಲ. ನಿನ್ನ ಕೇರಿಯ ಮುದುಕಿಯರ ಹತ್ತಿರ ಕೂತು ಯಾವ ಗದ್ದೆ ಯಾರು ಕಡಿದರು, ಯಾವ ಕಟ್ಟೆ ಯಾರು ಕಟ್ಟಿದರು, ಯಾರನ್ನು ಯಾವಾಗ ಎಬ್ಬಿಸಿದರು ಎಂದು ಕೇಳಿ ಬರೆದಿಡು. ಭಟ್ಕಳ, ಹೊನ್ನಾವರ, ಕುಮಟೆಯ ಮೇಷ್ಟ್ರುಗಳೇ, ಮಯೂರವರ್ಮನ ಪಾಠ ಬಂದ ದಿನ ತಾಳಗುಂದದ ಕಂಬವನ್ನೂ ಹುಬಾಶಿಕನ ಕತೆಯನ್ನೂ ಪಕ್ಕಪಕ್ಕ ಇಟ್ಟು ಮಕ್ಕಳಿಗೆ ಹೇಳಿ. ಯಾವುದು ಕಲ್ಲು, ಯಾವುದು ಕತೆ, ಕತೆಯಿಂದ ಲಾಭ ಯಾರಿಗೆ ಎಂದು ಅವರೇ ಕೇಳಲಿ.